ಕಣ್ಣಿಗೂ ಒಂದು ಬಾಣಂತನ

ಸ್ಟಾಫ್ ರೂಮಿನಲ್ಲಿ ಮಧ್ಯಾಹ್ನ ಊಟದ ಡಬ್ಬಿ ಬಿಚ್ಚುವ ಹೊತ್ತು. ಸಹೋದ್ಯೋಗಿಯೊಬ್ಬರು ಕುರ್ಚಿಯನ್ನು ನನ್ನ ಹತ್ತಿರಕ್ಕೆ ಎಳೆದುಕೊಂಡು, ದನಿ ತಗ್ಗಿಸಿ ಕೇಳಿದರು: "ಮೇಡಂ, ನಿಮ್ಮ ಮಗಳಿಗೆ ಕಣ್ಣಿಗೆ ಲೇಸರ್ ಮಾಡಿಸಿದ್ರಲ್ಲ, ಎಷ್ಟು ಹೊತ್ತು ಹಿಡೀತು? ಎಷ್ಟು ಖರ್ಚಾಯ್ತು?" ಅವರ ಮಗಳಿಗೆ ಗಂಡು ಗೊತ್ತಾಗಿದೆ. ಮೇ ತಿಂಗಳಲ್ಲಿ ಮದುವೆ. ಹುಡುಗಿಗೆ ಕನ್ನಡಕ. ಇಷ್ಟು ಕೇಳಿದ ಮೇಲೆ ಉಳಿದ ಕತೆಯನ್ನು ಅವರು ಹೇಳಬೇಕಾಗಿರಲಿಲ್ಲ. ನನಗೆ ಅದು ಬಾಯಿಪಾಠವಾಗಿತ್ತು.

ಎರಡೇ ಪ್ರಶ್ನೆ ನೋಡಿ. ಎಷ್ಟು ನಿಮಿಷ, ಎಷ್ಟು ದುಡ್ಡು. ಮೂರನೆಯ ಪ್ರಶ್ನೆ ಅವರಿಗೆ ಹೊಳೆಯಲಿಲ್ಲ. 2019ರ ಜನವರಿಯಲ್ಲಿ ನನ್ನ ಮಗಳನ್ನು ಬೆಂಗಳೂರಿನ ಆಸ್ಪತ್ರೆಗೆ ಕರೆದುಕೊಂಡು ಹೋದಾಗ ಬಿ.ಎ., ಬಿ.ಎಡ್. ಮಾಡಿದ ನನಗೂ ಹೊಳೆದಿರಲಿಲ್ಲ. ಆಪರೇಷನ್ ಆದ ಮೇಲೆ ಈ ಕಣ್ಣನ್ನು ನೋಡಿಕೊಳ್ಳುವವರು ಯಾರು, ಎಷ್ಟು ದಿನ, ಯಾರ ಮನೆಯಲ್ಲಿ? ಈ ಪ್ರಶ್ನೆಯನ್ನು ಕೇಳದೆ ಹೋದದ್ದಕ್ಕೆ ನನ್ನ ಮಗಳು ತೆತ್ತ ಬೆಲೆ ನನಗೆ ಗೊತ್ತು. ಆದ್ದರಿಂದಲೇ ಇದನ್ನು ಬರೆಯುತ್ತಿದ್ದೇನೆ. ಓದುವವರಿಗೆ ಸಿಟ್ಟು ಬಂದರೆ ಬರಲಿ.

ನಮ್ಮ ಹೆಂಗಸರಿಗೆ ಆರೈಕೆ ಗೊತ್ತಿಲ್ಲ ಎಂದು ಯಾರೂ ಹೇಳುವ ಹಾಗಿಲ್ಲ. ಹೆರಿಗೆ ಕೆಲವು ಗಂಟೆಗಳ ಮಾತು. ಬಾಣಂತನ ಮೂರು ತಿಂಗಳು, ಅನುಕೂಲವಿದ್ದವರ ಮನೆಯಲ್ಲಿ ಐದು ತಿಂಗಳು. ಕಿವಿಗೆ ಹತ್ತಿ, ತಲೆಗೆ ಬಟ್ಟೆ, ಬಿಸಿನೀರು, ಪಥ್ಯದ ಸಾರು, ಗಾಳಿಗೆ ಬರಬೇಡ, ಭಾರ ಎತ್ತಬೇಡ. ಅದರಲ್ಲಿ ಕೆಲವು ಅತಿಯೇ ಇರಬಹುದು. ಆದರೆ ಅದರ ಹಿಂದಿನ ತಿಳಿವಳಿಕೆ ದೊಡ್ಡದು: ದೇಹಕ್ಕೆ ಗಾಯವಾದರೆ ಅದು ಮಾಯಲು ತನ್ನದೇ ಕಾಲ ತೆಗೆದುಕೊಳ್ಳುತ್ತದೆ, ಅಷ್ಟು ಕಾಲ ಮನೆಯವರೆಲ್ಲ ಸೇರಿ ಅವಳನ್ನು ಹಿಡಿದುಕೊಳ್ಳಬೇಕು. ಇಂಥ ತಿಳಿವಳಿಕೆ ಇರುವ ನಾವೇ ಕಣ್ಣಿಗೆ ಲೇಸರ್ ಮಾಡಿಸಿಕೊಂಡ ಹುಡುಗಿಯನ್ನು ಮೂರನೆಯ ದಿನ ಸೀರೆ ಅಂಗಡಿಗೆ ಕರೆದುಕೊಂಡು ಹೋಗುತ್ತೇವೆ. ಕೇಳಿದರೆ, "ಹತ್ತು ನಿಮಿಷದ ಆಪರೇಷನ್ ಅಷ್ಟೆ" ಎನ್ನುತ್ತೇವೆ.

ಈ 'ಹತ್ತು ನಿಮಿಷ' ಎಂಬ ಮಾತನ್ನು ನಮಗೆ ಕಲಿಸಿದ್ದು ಜಾಹೀರಾತು. ಬಸ್‌ ನಿಲ್ದಾಣದ ಬೋರ್ಡಿನಲ್ಲಿ, ಭಾನುವಾರದ ಪುರವಣಿಯಲ್ಲಿ, ಫೋನಿನಲ್ಲಿ ಎಲ್ಲೆಲ್ಲೂ ಅದೇ. ನೋವಿಲ್ಲ, ಹೊಲಿಗೆಯಿಲ್ಲ, ನಾಳೆಯೇ ಕೆಲಸಕ್ಕೆ ಹೋಗಬಹುದು. ಕನ್ನಡಕವನ್ನು ಎಸೆದು ನಗುವ ಹುಡುಗಿಯ ಚಿತ್ರ. ಅದು ಪೂರ್ತಿ ಸುಳ್ಳೂ ಅಲ್ಲ. ಯಂತ್ರ ಕೆಲಸ ಮಾಡುವ ಹೊತ್ತು ಅಷ್ಟೇ. ಬಹಳ ಮಂದಿಗೆ ಮಾರನೆಯ ದಿನವೇ ಗೋಡೆಯ ಕ್ಯಾಲೆಂಡರು ಸ್ಪಷ್ಟವಾಗಿ ಕಾಣುತ್ತದೆ. ಆದರೆ ಕಾಣುವುದು ಬೇರೆ, ಮಾಯುವುದು ಬೇರೆ. ಜಾಹೀರಾತು ಕಾಣುವುದನ್ನಷ್ಟೇ ಹೇಳಿ ಮಾಯುವುದನ್ನು ನಮ್ಮ ಪಾಲಿಗೆ ಬಿಟ್ಟಿತು. ನಾವೋ, ಅದು ನಮ್ಮ ಪಾಲಿನದು ಎಂದು ತಿಳಿಯಲೇ ಇಲ್ಲ.

ವಿಜ್ಞಾನದ ಮೇಲೆ ನನಗೆ ಮುನಿಸಿಲ್ಲ. ಲೇಸಿಕ್‌ಗೆ ಬಳಸುವ ಎಕ್ಸೈಮರ್ ಲೇಸರ್‌ನ ಗುಣವನ್ನು ಕಂಡುಕೊಂಡವರಲ್ಲಿ ಒಬ್ಬರು ಮದರಾಸಿನಲ್ಲಿ ಓದಿ ಅಮೆರಿಕಕ್ಕೆ ಹೋದ ರಂಗಸ್ವಾಮಿ ಶ್ರೀನಿವಾಸನ್. 1981ರಲ್ಲಿ ಐಬಿಎಂ ಕಂಪನಿಯ ಪ್ರಯೋಗಾಲಯದಲ್ಲಿ ಅವರು, ಹಬ್ಬದೂಟದಲ್ಲಿ ಉಳಿದಿದ್ದ ಟರ್ಕಿ ಕೋಳಿಯ ಮಾಂಸದ ಮೇಲೆ ಈ ಕಿರಣ ಹಾಯಿಸಿ ನೋಡಿದರಂತೆ. ಸುತ್ತಮುತ್ತ ಸುಟ್ಟ ಗುರುತೇ ಇಲ್ಲದೆ ಅಚ್ಚುಕಟ್ಟಾಗಿ ಗೀರು ಬಿತ್ತು. ಅಲ್ಲಿಂದ ಮುಂದೆ ಕಣ್ಣಿನ ವೈದ್ಯರು ಅದನ್ನು ಕಣ್ಣಿಗೆ ಒಗ್ಗಿಸಿದರು. ತರಗತಿಯಲ್ಲಿ ಮಕ್ಕಳಿಗೆ ಈ ಸಂಗತಿಯನ್ನು ನಾನೇ ಹೆಮ್ಮೆಯಿಂದ ಹೇಳಿದ್ದೇನೆ. ನನ್ನ ಜಗಳ ಲೇಸರಿನ ಮೇಲಲ್ಲ. ಅದನ್ನು ನಾವು ಯಾತಕ್ಕಾಗಿ, ಯಾವಾಗ, ಎಷ್ಟು ಅವಸರದಲ್ಲಿ, ಎಷ್ಟು ಗುಟ್ಟಾಗಿ ಮಾಡಿಸುತ್ತಿದ್ದೇವೆ ಎಂಬುದರ ಮೇಲೆ.

ನಮ್ಮ ಮನೆಯ ಕತೆ ಹೇಳಿಬಿಡುತ್ತೇನೆ. ಮಗಳಿಗೆ ಏಳನೇ ಕ್ಲಾಸಿನಿಂದ ಕನ್ನಡಕ. ಇಪ್ಪತ್ತು ದಾಟುವ ಹೊತ್ತಿಗೆ ಪವರ್ ಮೈನಸ್ ಐದೂವರೆಗೆ ಬಂದು ನಿಂತಿತ್ತು. ಎರಡು ಸಂಬಂಧ ಬಂದು ಹಿಂದಕ್ಕೆ ಹೋದವು. ಒಂದು ಕಡೆಯವರು ಜಾತಕದ ನೆಪ ಹೇಳಿದರು. ಇನ್ನೊಂದು ಕಡೆಯವರು ನೇರವಾಗಿ, "ಹುಡುಗಿ ಲಕ್ಷಣವಾಗಿದ್ದಾಳೆ, ಆ ಕನ್ನಡಕ ಒಂದು ಇಲ್ಲದಿದ್ದರೆ" ಎಂದರು. ಮೂರನೆಯ ಸಂಬಂಧ ಬಂದಾಗ ನಾನೇ ಅವಳಿಗೆ ಕಾಂಟ್ಯಾಕ್ಟ್ ಲೆನ್ಸ್ ಹಾಕಿಸಿ ಚಾಪೆಯ ಮೇಲೆ ಕೂರಿಸಿದೆ. ಒಪ್ಪಿಗೆಯಾಯಿತು. ಕನ್ನಡಕದ ವಿಷಯ ನಾವು ಎತ್ತಲಿಲ್ಲ, ಅವರು ಕೇಳಲಿಲ್ಲ. ಹುಡುಗನ ಮೂಗಿನ ಮೇಲೆ ಮಾತ್ರ ದಪ್ಪ ಫ್ರೇಮಿನ ಕನ್ನಡಕವಿತ್ತು. ಅವನಿಗೆ ಅದು ಓದಿದವನೆಂಬ ಲಕ್ಷಣ, ನನ್ನ ಮಗಳಿಗೆ ಅದೇ ಕುಂದು! ಆ ದಿನ ಈ ಅನ್ಯಾಯ ನನ್ನ ಕಣ್ಣಿಗೆ ಬೀಳಲಿಲ್ಲ. ಸಂಬಂಧ ಕುದುರಿತಲ್ಲ ಎಂಬ ಸಮಾಧಾನದಲ್ಲಿದ್ದೆ.

ಮದುವೆಯಾದ ಮೇಲೆ ರಾತ್ರಿ ಲೆನ್ಸ್ ತೆಗೆಯುವಾಗ, ಬೆಳಿಗ್ಗೆ ಹಾಕುವಾಗ ಗೊತ್ತಾಗದೆ ಇರುತ್ತದೆಯೆ? ಅದಕ್ಕೆ ಲೇಸರ್. ಫೆಬ್ರವರಿಯಲ್ಲಿ ಮದುವೆ, ಜನವರಿಯಲ್ಲಿ ಆಪರೇಷನ್, ನಡುವೆ ಐದು ವಾರ. ಕಾರಣ ಇಷ್ಟೇ. ಕಣ್ಣಿನ ಅಗತ್ಯವೂ ಅಲ್ಲ, ಮಗಳ ಆಸೆಯೂ ಅಲ್ಲ. ಹೇಳಿದ ಸುಳ್ಳೊಂದನ್ನು ಉಳಿಸಿಕೊಳ್ಳಲು ಅವಳ ಕಣ್ಣಿಗೆ ಲೇಸರ್ ಬಿಡಿಸಿದೆ ಎಂದರೆ ಮಾತು ಕಟುವಾಯಿತು, ಆದರೆ ನಿಜ.

ಆಸ್ಪತ್ರೆಯವರು ಪರೀಕ್ಷೆಗಳನ್ನು ಸರಿಯಾಗಿಯೇ ಮಾಡಿದರು. ಪವರ್ ಒಂದು ವರ್ಷದಿಂದ ಬದಲಾಗಿಲ್ಲವೇ, ಕಾರ್ನಿಯಾ ಸಾಕಷ್ಟು ದಪ್ಪವಿದೆಯೇ, ಅದರ ಆಕಾರ ಸರಿಯಿದೆಯೇ, ಕಣ್ಣೀರು ಸಾಕಷ್ಟು ಇದೆಯೇ, ಎಲ್ಲವನ್ನೂ ನೋಡಿದರು. ಆಮೇಲೆ ಹಣದ ಕೌಂಟರಿನಲ್ಲಿ ಹದಿನೈದು ನಿಮಿಷ ಪ್ಯಾಕೇಜು ವಿವರಿಸಿದರು. ಮನೆಗೆ ಹೋದ ಮೇಲೆ ಏನು ಮಾಡಬೇಕೆಂಬುದಕ್ಕೆ ಇಂಗ್ಲಿಷಿನಲ್ಲಿ ಅಚ್ಚಾದ ಒಂದು ಹಾಳೆ ಕೈಗಿಟ್ಟರು. ನನಗೆ ಇಂಗ್ಲಿಷ್ ಬರುತ್ತದೆ, ಓದಿಕೊಂಡೆ. ಪಕ್ಕದ ಕುರ್ಚಿಯಲ್ಲಿ ಮಗನೊಂದಿಗೆ ಕೂತಿದ್ದ ಹಳ್ಳಿಯ ತಾಯಿ ಆ ಹಾಳೆಯನ್ನು ನಾಲ್ಕು ಮಡಿಕೆ ಮಾಡಿ ಸಂಚಿಗೆ ಸೇರಿಸಿದರು. ಬೆಂಗಳೂರಿನಲ್ಲಿ ಕನ್ನಡದಲ್ಲಿ ಜಾಹೀರಾತು ಅಚ್ಚು ಹಾಕಿಸಲು ಬರುವವರಿಗೆ ಕನ್ನಡದಲ್ಲಿ ಒಂದು ಸೂಚನಾಪತ್ರ ಅಚ್ಚು ಹಾಕಿಸಲು ಬರುವುದಿಲ್ಲವೆ?

ಆ ಹಾಳೆಯಲ್ಲಿ ಇಲ್ಲದ ಕೆಲವನ್ನು ನಾನು ಆಮೇಲೆ ಕೇಳಿ, ಓದಿ ತಿಳಿದೆ. ಮೊದಲೇ ತಿಳಿದಿದ್ದರೆ ಹೆದರುತ್ತಿದ್ದೆ. ಹೆದರಿದ್ದರೆ ಒಳ್ಳೆಯದೇ ಆಗುತ್ತಿತ್ತು. ಕಣ್ಣಿನ ಮುಂಭಾಗದ ಪಾರದರ್ಶಕ ಪೊರೆಯೇ ಕಾರ್ನಿಯಾ. ಅದರ ದಪ್ಪ ಸುಮಾರು ಅರ್ಧ ಮಿಲಿಮೀಟರು, ಲಗ್ನಪತ್ರಿಕೆಯ ರಟ್ಟಿನಷ್ಟು. ಲೇಸಿಕ್‌ನಲ್ಲಿ ಅದರ ಮೇಲ್ಪದರವನ್ನು ನೋಟ್‌ಬುಕ್ಕಿನ ಹಾಳೆಯಷ್ಟು ತೆಳುವಾಗಿ ಕೊಯ್ದು, ಒಂದು ಅಂಚು ಹಾಗೇ ಬಿಟ್ಟು, ಪುಸ್ತಕದ ಪುಟ ತೆರೆದಂತೆ ಮಗುಚುತ್ತಾರೆ. ಒಳಗಿನ ಭಾಗವನ್ನು ಲೇಸರ್ ಸವೆಸಿ ತಿದ್ದುತ್ತದೆ. ಮತ್ತೆ ಆ ಪುಟವನ್ನು ಮುಚ್ಚುತ್ತಾರೆ. ಹೊಲಿಗೆಯಿಲ್ಲ, ಅದು ತಾನಾಗಿ ಅಂಟಿಕೊಂಡು ಕೂರಬೇಕು. ಅಂಚು ಬೇಗ ಕೂಡಿಕೊಳ್ಳುತ್ತದೆ, ಆದರೆ ಪದರ ಮೊದಲಿನ ಗಟ್ಟಿತನಕ್ಕೆ ಪೂರ್ತಿ ಮರಳುವುದೇ ಇಲ್ಲ. ಜೋರಾಗಿ ಏಟು ಬಿದ್ದರೆ ವರ್ಷಗಳ ಮೇಲೂ ಸರಿದ ಉದಾಹರಣೆಗಳಿವೆ. ಮೊದಲ ದಿನಗಳಲ್ಲಂತೂ ನಿದ್ದೆಗಣ್ಣಿನಲ್ಲಿ ಉಜ್ಜಿಕೊಂಡರೂ ಸಾಕು, ಪದರ ಸುಕ್ಕಾಗಬಹುದು. ರಾತ್ರಿ ಕಣ್ಣಿಗೆ ಪ್ಲಾಸ್ಟಿಕ್ಕಿನ ಮುಚ್ಚಳ ಕಟ್ಟಿಕೊಂಡು ಮಲಗಬೇಕೆಂದು ಹೇಳುವುದು ಇದಕ್ಕೇ.

ಇನ್ನೊಂದು, ಕಣ್ಣಿಗೆ ಕಾಣದ ಗಾಯ. ಪದರ ಕೊಯ್ಯುವಾಗ ಕಾರ್ನಿಯಾದ ಸೂಕ್ಷ್ಮ ನರಗಳೂ ಕತ್ತರಿಸಿ ಹೋಗುತ್ತವೆ. ಕಣ್ಣು ಒಣಗಿದೆ, ಕಣ್ಣೀರು ಬೇಕು ಎಂದು ಸುದ್ದಿ ಮುಟ್ಟಿಸುವ ನರಗಳೇ ಅವು. ಅವು ಮತ್ತೆ ಚಿಗುರಲು ತಿಂಗಳುಗಳು ಬೇಕು, ಕೆಲವರಿಗೆ ವರ್ಷವೂ ಆಗುತ್ತದೆ. ಅಲ್ಲಿಯವರೆಗೆ ಕಣ್ಣು ಒಣಗುತ್ತದೆ, ಉರಿಯುತ್ತದೆ, ಮರಳು ಬಿದ್ದಂತೆ ಚುಚ್ಚುತ್ತದೆ. ಕೃತಕ ಕಣ್ಣೀರಿನ ಹನಿಗಳನ್ನು ತಿಂಗಳುಗಟ್ಟಲೆ ಹಾಕಿಕೊಳ್ಳಬೇಕಾಗುವುದು ಅದಕ್ಕೆ. ರಾತ್ರಿ ದೀಪಗಳ ಸುತ್ತ ಬಳೆಯಂತೆ ಬೆಳಕು ಕಾಣುವುದೂ ಉಂಟು. ಬಹುಪಾಲು ಜನರಿಗೆ ಇವೆಲ್ಲ ಕ್ರಮೇಣ ಕಡಿಮೆಯಾಗುತ್ತವೆ; ಕೆಲವರಿಗೆ ಉಳಿದೇ ಹೋಗುತ್ತವೆ.

"ಲಕ್ಷಾಂತರ ಜನ ಮಾಡಿಸಿಕೊಂಡಿದ್ದಾರೆ, ನಿಮಗೊಬ್ಬರಿಗೇ ಏನು?" ಎಂದು ಕೇಳುವವರಿದ್ದಾರೆ. ಅವರಿಗೆ ಅಂಕಿಗಳಲ್ಲೇ ಹೇಳುತ್ತೇನೆ. ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಇತರ ಸರ್ಕಾರಿ ಸಂಸ್ಥೆಗಳೊಡನೆ ಸೇರಿ ನಡೆಸಿದ ಅಧ್ಯಯನವೊಂದರ ಫಲಿತಾಂಶ 2017ರಲ್ಲಿ ಪ್ರಕಟವಾಯಿತು. ಲೇಸಿಕ್ ಮಾಡಿಸಿಕೊಂಡವರಲ್ಲಿ ಶೇಕಡಾ 95ಕ್ಕೂ ಹೆಚ್ಚು ಮಂದಿ ತಮಗೆ ತೃಪ್ತಿಯಾಗಿದೆ ಎಂದರು. ಕಷ್ಟ ಬಹಳವಾಗಿ ದಿನನಿತ್ಯದ ಕೆಲಸಕ್ಕೇ ತೊಡಕಾಯಿತು ಎಂದವರು ಶೇಕಡಾ 1ಕ್ಕಿಂತ ಕಡಿಮೆ. ಒಪ್ಪಿದೆ. ಆದರೆ ಅದೇ ಅಧ್ಯಯನದಲ್ಲಿ, ಮೊದಲು ಕಣ್ಣು ಒಣಗುವ ತೊಂದರೆ ಇಲ್ಲದಿದ್ದವರಲ್ಲಿ ಶೇಕಡಾ 28ರವರೆಗೆ ಮೂರು ತಿಂಗಳಿಗೆ ಅದು ಕಾಣಿಸಿಕೊಂಡಿತ್ತು. ಮೊದಲು ದೃಷ್ಟಿಯಲ್ಲಿ ಯಾವ ತೊಡಕೂ ಇಲ್ಲದಿದ್ದವರಲ್ಲಿ ಶೇಕಡಾ 46ರವರೆಗೆ ಮೂರು ತಿಂಗಳಿಗೆ ಬಳೆಬೆಳಕಿನಂಥ ಯಾವುದಾದರೊಂದು ಹೊಸ ತೊಡಕು ಬಂದಿತ್ತು. ಅಂದರೆ ಅರ್ಥವೇನು? ಕೊನೆಗೆ ಬಹಳ ಜನರಿಗೆ ಒಳ್ಳೆಯದಾಗುತ್ತದೆ, ಆದರೆ ಮೊದಲ ತಿಂಗಳುಗಳು ಬಹಳ ಜನರಿಗೆ ಸಲೀಸಲ್ಲ. ನನ್ನ ವಾದವೂ ಅಷ್ಟೇ. ಆ ತಿಂಗಳುಗಳನ್ನು ಮದುವೆಯ ಗದ್ದಲಕ್ಕೆ ಕೊಡಬೇಡಿ. ಇದೇ ಎಫ್‌ಡಿಎ 2022ರಲ್ಲಿ, ಆಪರೇಷನ್ನಿಗೆ ಮೊದಲೇ ಈ ತೊಂದರೆಗಳನ್ನೆಲ್ಲ ರೋಗಿಗೆ ಬಿಡಿಸಿ ಹೇಳಬೇಕೆಂದು ಕರಡು ಸೂಚನೆಯನ್ನೂ ಹೊರಡಿಸಿತು.

ನಾವು ಕೊಟ್ಟದ್ದು ಗದ್ದಲಕ್ಕೇ. ಎರಡನೆಯ ದಿನ ನಮ್ಮಮ್ಮ ಬೆಳ್ಳಿ ಬಟ್ಟಲಿನಲ್ಲಿ ಹರಳೆಣ್ಣೆ ಹಿಡಿದು ಮೊಮ್ಮಗಳ ತಲೆದೆಸೆಯಲ್ಲಿ ನಿಂತಿದ್ದರು. "ಒಂದೊಂದು ತೊಟ್ಟು ಬಿಟ್ಟರೆ ತಂಪು ಕಣೆ." ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾಯುವುದೆಂದರೆ ಇದೇ ಇರಬೇಕು! ಕೈ ಹಿಡಿದು ತಡೆದೆ. ಪಕ್ಕದ ಮನೆಯವರು ಪನ್ನೀರು ತಂದುಕೊಟ್ಟರು. ಇನ್ನೊಬ್ಬರು ಜೇನುತುಪ್ಪ ಹಚ್ಚಿ ಎಂದರು. ಮಗುವಿದ್ದ ಬಾಣಂತಿಯ ಎದೆಹಾಲಿನ ಮಾತೂ ಬಂತು. ಪ್ರೀತಿಯಿಂದಲೇ ಹೇಳುವ ಮಾತುಗಳು ಇವು, ಆದರೆ ಕೊಯ್ದ ಕಣ್ಣಿಗೆ ಇವೆಲ್ಲ ಸೋಂಕಿಗೆ ಬಾಗಿಲು ತೆರೆದ ಹಾಗೆ. ಇವನ್ನೆಲ್ಲ ತಡೆದೆನೆಂದು ಬೀಗಿದ ನಾನು ದೊಡ್ಡದನ್ನು ತಡೆಯಲಿಲ್ಲ. ಲಗ್ನಪತ್ರಿಕೆ ಹಂಚುವ ಓಡಾಟ, ಧೂಳು, ಬಿಸಿಲು. ಒಂದು ತಿಂಗಳ ತಪಾಸಣೆಗೆ ಬರಲು ಹೇಳಿದ್ದ ದಿನ ಚಪ್ಪರ ಹಾಕುವವರು ಬಂದರು. "ಮದುವೆ ಮುಗಿಸಿಕೊಂಡು ಹೋದರಾಯಿತು" ಎಂದೆ. ಹಾಗೆಂದವಳು ನಾನೇ.

ನಮ್ಮ ಮದುವೆಯ ಒಂದೊಂದು ಶಾಸ್ತ್ರವನ್ನೂ ಆ ಕಣ್ಣಿನ ಕಡೆಯಿಂದ ನೋಡಿ. ಅರಿಶಿನದ ನೀರು ಮುಖದ ಮೇಲೆ ಸುರಿಯುತ್ತಾರೆ. ಕಣ್ಣಿಗೆ ಕಾಡಿಗೆ ತೀಡುತ್ತಾರೆ. ಹೋಮದ ಹೊಗೆಗೆ ಎದುರಾಗಿ ಒಂದೆರಡು ಗಂಟೆ ಕೂರಿಸುತ್ತಾರೆ. ಧಾರೆಯ ಹೊತ್ತಿಗೆ ಐನೂರು ಜನ ಮುಖಕ್ಕೇ ಗುರಿಯಿಟ್ಟಂತೆ ಅಕ್ಷತೆ ಎಸೆಯುತ್ತಾರೆ. ಹಿಂದಿನ ಸಾಲಿನವರಿಗೆ ಕೈಗೆ ಬಲ ಹೆಚ್ಚು. ಆರತಕ್ಷತೆಯಲ್ಲಿ ಮೂರು ಗಂಟೆ ವಿಡಿಯೋದವರ ದೀಪ. ಐದು ವಾರದ ಹಿಂದೆ ಕೊಯ್ದ ಕಣ್ಣು ಇಷ್ಟನ್ನೂ ತಾಳಬೇಕು, ನಗಬೇಕು ಬೇರೆ. ಮಗಳ ಕಣ್ಣು ಕೆಂಪಾಗಿ ನೀರು ಸುರಿಯುತ್ತಿತ್ತು. ನೋಡಿದವರು, "ತವರು ಬಿಡುವ ದುಃಖ, ಪಾಪ" ಎಂದರು. ನಾನು ಸುಮ್ಮನಿದ್ದೆ.

ಗಂಡನ ಮನೆಯಲ್ಲಿ ನಡೆದದ್ದು ನನಗೆ ಆಮೇಲೆ ತಿಳಿಯಿತು. ಡ್ರಾಪ್ಸಿನ ಬಾಟಲಿಯನ್ನು ಸೂಟ್‌ಕೇಸಿನಲ್ಲಿ ಸೀರೆಯ ಮಡಿಕೆಯೊಳಗೆ ಇಡುತ್ತಿದ್ದಳು. ದಿನಕ್ಕೆ ನಾಲ್ಕಾರು ಸಲ ಬಚ್ಚಲುಮನೆಗೆ ಹೋಗಿ ಚಿಲಕ ಹಾಕಿಕೊಂಡು ಹಾಕಿಕೊಳ್ಳುತ್ತಿದ್ದಳು. ಕಣ್ಣು ಚುಚ್ಚಿದರೂ ಹೇಳುವಂತಿಲ್ಲ. ಹೇಳಿದರೆ ಆಪರೇಷನ್ ಹೇಳಬೇಕು, ಆಪರೇಷನ್ ಹೇಳಿದರೆ ಕನ್ನಡಕ ಹೇಳಬೇಕು. ಕೃತಕ ಕಣ್ಣೀರು ಮುಗಿದಾಗ ಹಳೆಯ ಚೀಟಿಯಲ್ಲಿದ್ದ ಇನ್ನೊಂದು ಡ್ರಾಪ್ಸ್ ನೆನಪಾಯಿತು. ಮೊದಲ ವಾರ ಅದನ್ನು ಹಾಕಿದಾಗ ಕೆಂಪು ಇಳಿದಿತ್ತು, ಹಾಯೆನಿಸಿತ್ತು. ಅದು ಸ್ಟೀರಾಯ್ಡ್. ವೈದ್ಯರು ಅದನ್ನು ಕೆಲವೇ ದಿನಕ್ಕೆ, ಕ್ರಮೇಣ ಕಡಿಮೆ ಮಾಡಿ ನಿಲ್ಲಿಸಲು ಬರೆದಿದ್ದರು. ವೈದ್ಯರ ಚೀಟಿಯಿಲ್ಲದೆ ಮಾರಬಾರದೆಂದು ಪೆಟ್ಟಿಗೆಯ ಮೇಲೇ ಅಚ್ಚಾಗಿರುತ್ತದೆ. ಮೆಡಿಕಲ್ ಶಾಪಿನವನು ಖಾಲಿ ಪೆಟ್ಟಿಗೆ ನೋಡಿ ಹೊಸದೊಂದು ಕೊಟ್ಟ. ಆಮೇಲೆ ಮತ್ತೊಂದು. ಹೀಗೆ ಮೂರು ತಿಂಗಳು ಮೀರಿತು.

ಜುಲೈಯಲ್ಲಿ ಆಷಾಢ ಬಂತು, ಮಗಳು ತವರಿಗೆ ಬಂದಳು. ಹೊಸ ಮದುವಣಗಿತ್ತಿಯನ್ನು ಆಷಾಢಕ್ಕೆ ತವರಿಗೆ ಕಳಿಸುವ ಪದ್ಧತಿ ಯಾಕೆ ಬಂತೋ ಏನೋ, ನನ್ನ ಮಗಳ ಕಣ್ಣು ಉಳಿದದ್ದು ಅದರಿಂದ. ದಿಂಬಿನ ಕೆಳಗೆ ಬಾಟಲಿ ಸಿಕ್ಕಿತು. ಮಾರನೆಯ ದಿನವೇ ಜಿಲ್ಲಾ ಕೇಂದ್ರದ ಕಣ್ಣಿನ ವೈದ್ಯರಲ್ಲಿಗೆ ಕರೆದುಕೊಂಡು ಹೋದೆ. ಕಣ್ಣಿನೊಳಗಿನ ಒತ್ತಡ ಸಾಮಾನ್ಯವಾಗಿ 10ರಿಂದ 21ರೊಳಗೆ ಇರಬೇಕು. ಅವಳಿಗೆ 30 ದಾಟಿತ್ತು. "ಲೇಸರಿನಿಂದ ಕಾರ್ನಿಯಾ ತೆಳುವಾದವರಲ್ಲಿ ಈ ಅಳತೆ ಇರುವುದಕ್ಕಿಂತ ಕಡಿಮೆಯೇ ತೋರಿಸುತ್ತದೆ. ನಿಜದಲ್ಲಿ ಇನ್ನೂ ಹೆಚ್ಚಿರಬಹುದು" ಎಂದರು ವೈದ್ಯರು. ಸ್ಟೀರಾಯ್ಡ್ ಕೆಲವರ ಕಣ್ಣಿನ ಒತ್ತಡವನ್ನು ಹೀಗೆ ಏರಿಸುತ್ತದೆ. ನೋವಿಲ್ಲದೆ, ಸದ್ದಿಲ್ಲದೆ ದೃಷ್ಟಿನರವನ್ನು ಹಾಳುಮಾಡಿ ಗ್ಲಾಕೋಮಾ ತರುತ್ತದೆ. ಹಾಗೆ ಹೋದ ದೃಷ್ಟಿ ತಿರುಗಿ ಬರುವುದಿಲ್ಲ. ಅದೃಷ್ಟಕ್ಕೆ ಅವಳ ನರ ಕೆಟ್ಟಿರಲಿಲ್ಲ. ಆ ಹನಿ ನಿಲ್ಲಿಸಿ, ಒತ್ತಡ ಇಳಿಸುವ ಬೇರೆ ಹನಿ ಕೊಟ್ಟರು. ಕೆಲವು ವಾರಗಳಲ್ಲಿ ಒತ್ತಡ ಹದಕ್ಕೆ ಬಂತು. ವೈದ್ಯರು ಕನ್ನಡಕದ ಮೇಲಿನಿಂದ ನನ್ನನ್ನು ನೋಡಿ, "ಇಷ್ಟು ದಿನ ಮನೆಯಲ್ಲಿ ಯಾರೂ ಗಮನಿಸಲಿಲ್ಲವೇನಮ್ಮ?" ಎಂದು ಕೇಳಿದರು. ಗಮನಿಸದಂತೆ ಏರ್ಪಾಡು ಮಾಡಿದವಳು ಎದುರಿಗೇ ಕೂತಿದ್ದಾಳೆಂದು ಅವರಿಗೆ ಹೇಗೆ ಗೊತ್ತಾಗಬೇಕು!

ಬೀಗಿತ್ತಿಗೆ ನಾನೇ ಫೋನು ಮಾಡಿ ಎಲ್ಲವನ್ನೂ ಹೇಳಿದೆ. ಬೈಗುಳಕ್ಕೆ ಸಿದ್ಧಳಾಗಿದ್ದೆ. ಆಕೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಇದನ್ನ ಹೇಳೋಕೆ ಏನಾಗಿತ್ರೀ? ನನಗೆ ಪೊರೆ ತೆಗೆಸಿದಾಗ ನನ್ನ ಮಗ ತಿಂಗಳುಗಟ್ಟಲೆ ಒಲೆ ಮುಂದೆ ಬಿಟ್ಟಿರಲಿಲ್ಲ. ಮಗು ದಿನಾ ಹೊಗೇಲಿ ರೊಟ್ಟಿ ತಟ್ಟಿದಳಲ್ಲ!" ಎಂದರು. ಆ ಮನೆಯಲ್ಲಿ ಆರೈಕೆ ಇತ್ತು. ಆರೈಕೆ ಅವಳನ್ನು ತಲುಪದಂತೆ ನಡುವೆ ಗೋಡೆ ಕಟ್ಟಿದವಳು ನಾನು. ಹಾಗೆಂದು ಗಂಡಿನ ಕಡೆಯವರೆಲ್ಲ ನಿರ್ದೋಷಿಗಳೆಂದು ನಾನು ಹೇಳುವುದಿಲ್ಲ. ಮೊದಲಿನ ಎರಡು ಕಡೆಯವರು ಕನ್ನಡಕ ಕಂಡು ಹಿಂದಿರುಗದಿದ್ದರೆ ಗೋಡೆಗೆ ಇಟ್ಟಿಗೆ ಎಲ್ಲಿಂದ ಬರುತ್ತಿತ್ತು?

ಈ ಮುಚ್ಚುವಿಕೆ ಮದುವೆ ಮಾತುಕತೆಯಲ್ಲಿ ಶುರುವಾಗುವುದಲ್ಲ. ನನ್ನ ತರಗತಿಯಲ್ಲೇ ಶುರುವಾಗುತ್ತದೆ. ಕನ್ನಡಕದ ಹುಡುಗಿಯನ್ನು ಹುಡುಗರು "ಸೋಡಾಬುಡ್ಡಿ" ಎನ್ನುತ್ತಾರೆ. ಅವಳು ಕನ್ನಡಕವನ್ನು ಜಾಮಿಟ್ರಿ ಬಾಕ್ಸಿನಲ್ಲಿಟ್ಟು, ಕಣ್ಣು ಕಿರಿದು ಮಾಡಿ ಬೋರ್ಡು ನೋಡುತ್ತಾಳೆ. ನಾನು ಎಷ್ಟೋ ವರ್ಷ ಕೇಳಿಯೂ ಕೇಳದಂತೆ ಹಾಜರಿ ಕೂಗಿದ್ದೇನೆ. ಜಾಮಿಟ್ರಿ ಬಾಕ್ಸಿನಲ್ಲಿ ಬಚ್ಚಿಟ್ಟ ಕನ್ನಡಕವೇ ಮುಂದೆ ಸೀರೆಯ ಮಡಿಕೆಯಲ್ಲಿ ಬಚ್ಚಿಟ್ಟ ಬಾಟಲಿಯಾಗುತ್ತದೆ. ಮುಚ್ಚಿಟ್ಟ ಗಾಯಕ್ಕೆ ಯಾರು ತಾನೇ ಮುಲಾಮು ಹಚ್ಚುತ್ತಾರೆ?

ನಮ್ಮಜ್ಜಿಗೆ ಪೊರೆ ತೆಗೆದದ್ದು 1978ರ ಸುಮಾರಿಗೆ. ನಾನು ಮೂರನೇ ಕ್ಲಾಸು. ಡಾ. ಎಂ.ಸಿ. ಮೋದಿಯವರಂಥವರು ಊರೂರು ತಿರುಗಿ ಉಚಿತ ನೇತ್ರ ಶಿಬಿರ ನಡೆಸುತ್ತಿದ್ದ ಕಾಲ. ಅಂಥ ಶಿಬಿರವೊಂದಕ್ಕಾಗಿ ನಮ್ಮ ಸ್ಕೂಲಿಗೆ ರಜೆ ಕೊಟ್ಟು, ಬೆಂಚು ಹೊರಗಿಟ್ಟು, ಕೋಣೆಗಳಲ್ಲಿ ಸಾಲಾಗಿ ಚಾಪೆ ಹಾಸಿದ್ದರು. ಅಜ್ಜಿ ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ದಿನಗಟ್ಟಲೆ ಅಂಗಾತ ಮಲಗಿದ್ದರು. ಕೆಮ್ಮಬಾರದು, ಬಗ್ಗಬಾರದು, ಗಟ್ಟಿ ಪದಾರ್ಥ ಅಗಿಯಬಾರದು. ಊರಿನವರು ಸರದಿಯ ಮೇಲೆ ಗಂಜಿ ಕಾಯಿಸಿ ತಂದರು. ಮನೆಗೆ ಬಂದ ಮೇಲೂ ನಲವತ್ತು ದಿನ ತಲೆಗೆ ನೀರಿಲ್ಲ. ಆಮೇಲೆ ಕೊಟ್ಟ ಸೋಡಾಬುಡ್ಡಿ ಕನ್ನಡಕ ಹಾಕಿಕೊಂಡು ಅಜ್ಜಿ ಇಡೀ ಬೀದಿಗೆ ತೋರಿಸಿಕೊಂಡು ಬಂದರು! ಆ ಕಾಲದ ಆಪರೇಷನ್ ಒರಟು, ಇಂದಿನದು ಅದಕ್ಕಿಂತ ನೂರು ಪಾಲು ನಯ. ಈಗ ಅಷ್ಟು ದಿನ ಮಲಗುವ ಅಗತ್ಯವೂ ಇಲ್ಲ. ಆದರೆ ಆಗ ಇಡೀ ಊರಿಗೆ ಗೊತ್ತಿತ್ತು, ಇಡೀ ಊರು ಕಾದಿತ್ತು. ಇಂದು ಯಂತ್ರ ನಯವಾಯಿತು, ನಾವು ಒರಟಾದೆವು.

ಹಾಗಾದರೆ ಕಣ್ಣಿನ ಬಾಣಂತನವೆಂದರೆ ಏನು? ಗಹನವಾದದ್ದೇನೂ ಅಲ್ಲ. ಮೊದಲ ದಿನ ಕಣ್ಣು ಮುಚ್ಚಿ ವಿಶ್ರಾಂತಿ. ಕಣ್ಣನ್ನು ಯಾವ ಕಾರಣಕ್ಕೂ ಉಜ್ಜಬಾರದು. ರಾತ್ರಿ ವೈದ್ಯರು ಹೇಳಿದಷ್ಟು ದಿನ ಮುಚ್ಚಳ ಕಟ್ಟಲೇಬೇಕು. ನಲ್ಲಿ ನೀರು, ಸೋಪು, ಸೀಗೆಪುಡಿ ಕಣ್ಣಿಗೆ ಹೋಗಬಾರದು. ತಲೆಗೆ ಸ್ನಾನ ಮಾಡುವುದಾದರೆ ಬೇರೆಯವರು ಹಿಂದಕ್ಕೆ ಬಗ್ಗಿಸಿ ನೀರು ಹಾಕಲಿ; ನೋಡಿ, ಇಲ್ಲೂ ಒಬ್ಬರು ಬೇಕು! ಹನಿ ಹಾಕುವ ಮುಂಚೆ ಕೈ ತೊಳೆಯಬೇಕು, ಬಾಟಲಿಯ ತುದಿ ರೆಪ್ಪೆಗೆ ತಾಕಬಾರದು, ಒಂದು ಹನಿಗೂ ಇನ್ನೊಂದಕ್ಕೂ ಐದು ನಿಮಿಷವಾದರೂ ಅಂತರವಿರಬೇಕು. ತೆರೆದ ಬಾಟಲಿಯನ್ನು ತಿಂಗಳ ಮೇಲೆ ಇಟ್ಟುಕೊಳ್ಳಬಾರದು. ಕಾಡಿಗೆ, ಈಜು, ಧೂಳಿನ ಕೆಲಸ, ಹೊಗೆಯ ಒಲೆ ಎಲ್ಲವೂ ವೈದ್ಯರು ಆಗಬಹುದು ಎಂದ ಮೇಲೆ. ಬಿಸಿಲಿಗೆ ಕಪ್ಪು ಕನ್ನಡಕ. ಕಂಪ್ಯೂಟರಿನ ಮುಂದೆ ಕೂರುವವರು ರೆಪ್ಪೆ ಬಡಿಯುವುದನ್ನೇ ಮರೆಯುತ್ತಾರೆ, ಅವರನ್ನು ಎಬ್ಬಿಸಬೇಕು. ಮಾರನೆಯ ದಿನ, ವಾರಕ್ಕೆ, ತಿಂಗಳಿಗೆ, ಮೂರು ತಿಂಗಳಿಗೆ ಎಂದು ಹೇಳಿದ ತಪಾಸಣೆ ಒಂದನ್ನೂ ತಪ್ಪಿಸಬಾರದು. ನೋವು ಹೆಚ್ಚಿದರೆ, ದೃಷ್ಟಿ ಮಂಜಾದರೆ, ಕೀವು ಬಂದರೆ ಬೆಳಗಾಗಲಿ ಎಂದು ಕಾಯದೆ ಹೋಗಬೇಕು. ಹಳೆಯ ಚೀಟಿ ಹಿಡಿದು ಮೆಡಿಕಲ್ ಶಾಪಿಗೆ ಹೋಗಲೇಬಾರದು.

ಬಾಣಂತನ ಮುಗಿದ ಮೇಲೂ ಕೆಲವು ಜವಾಬ್ದಾರಿಗಳಿವೆ. ಲೇಸರ್ ತಿದ್ದುವುದು ಕಾರ್ನಿಯಾವನ್ನು ಮಾತ್ರ. ಸಮೀಪದೃಷ್ಟಿಯವರ ಉದ್ದನೆಯ ಕಣ್ಣುಗುಡ್ಡೆ ಉದ್ದನೆಯದಾಗಿಯೇ ಇರುತ್ತದೆ, ಹಿಂದಿನ ರೆಟಿನಾ ಹರಿಯುವ ಭಯವೂ ಹಾಗೇ ಉಳಿಯುತ್ತದೆ. ಕನ್ನಡಕ ಹೋಯಿತೆಂದು ವೈದ್ಯರನ್ನು ಬಿಡುವ ಹಾಗಿಲ್ಲ. ನಲವತ್ತು ದಾಟಿದಾಗ ಓದಲು ಚಾಳೀಸು ಬಂದೇ ಬರುತ್ತದೆ. ಜೀವಮಾನದ ಕನ್ನಡಕ ಮುಕ್ತಿ ಎಂಬ ಮಾತನ್ನು ನಂಬಬೇಡಿ. ಮುಂದೆ ಪೊರೆ ಬಂದಾಗ ಒಳಗೆ ಕೂರಿಸುವ ಲೆನ್ಸಿನ ಲೆಕ್ಕಕ್ಕೆ ಲೇಸರ್‌ಗಿಂತ ಮೊದಲಿನ ಅಳತೆಗಳು ಉಪಯೋಗಕ್ಕೆ ಬರುತ್ತವೆ. ಆ ಕಾಗದಗಳನ್ನು ಜಾತಕದಷ್ಟೇ ಜೋಪಾನವಾಗಿ ಇಡಿ. ಜಾತಕಕ್ಕಿಂತ ಅದರಲ್ಲಿ ನಿಜ ಹೆಚ್ಚು.

ಆಸ್ಪತ್ರೆಗಳಿಗೆ ನನ್ನ ಬೇಡಿಕೆ ಎರಡೇ. ಆರೈಕೆಯ ಹಾಳೆಯನ್ನು ಕನ್ನಡದಲ್ಲಿ ಕೊಡಿ. ದಿನ ಗೊತ್ತುಮಾಡುವ ಮುಂಚೆ, "ಮುಂದಿನ ಮೂರು ತಿಂಗಳು ನಿಮ್ಮ ಮನೆಯಲ್ಲಿ ಏನಿದೆ?" ಎಂದು ಕೇಳಿ. ಮದುವೆಯಿದೆ ಎಂದರೆ ವಾಪಸು ಕಳಿಸಿ. ಹಣ ಎಲ್ಲಿಗೂ ಹೋಗುವುದಿಲ್ಲ, ಆಮೇಲೆ ಬರುತ್ತದೆ. ತಾಯಂದಿರಿಗೆ ಒಂದೇ ಬೇಡಿಕೆ. ಮಗಳು ತಾನಾಗಿ ಬೇಕೆಂದರೆ, ಕಣ್ಣು ಅದಕ್ಕೆ ಯೋಗ್ಯವೆಂದು ವೈದ್ಯರು ಹೇಳಿದರೆ, ಧಾರಾಳವಾಗಿ ಮಾಡಿಸಿ. ಆದರೆ ಬೀಗರಿಗೆ ಹೇಳಿ ಮಾಡಿಸಿ. ಹೇಳಲಾಗದ ಕಾರಣಕ್ಕೆ ಮಾಡಿಸುವುದಾದರೆ ಮಾಡಿಸಲೇಬೇಡಿ.

ಮಗಳ ಡ್ರಾಪ್ಸಿನ ಬಾಟಲಿ ಆಷಾಢ ಮುಗಿದು ಹೋದ ದಿನದಿಂದ ಅವಳ ಅತ್ತೆಯ ಅಡಿಗೆಮನೆಯ ಗೂಡಿನಲ್ಲಿ, ಅತ್ತೆಯ ಬಿ.ಪಿ. ಮಾತ್ರೆಯ ಪಕ್ಕದಲ್ಲಿ ಕೂತಿತು. ಮರೆತರೆ ನೆನಪಿಸುತ್ತಿದ್ದವರು ಅತ್ತೆಯೇ.

ಸ್ಟಾಫ್ ರೂಮಿನಲ್ಲಿ ಇಷ್ಟೆಲ್ಲ ಹೇಳಲು ಸಮಯವಿರಲಿಲ್ಲ. ಅರ್ಧ ಹೇಳಿದೆ. ಸಹೋದ್ಯೋಗಿ ಡಬ್ಬಿಯಲ್ಲಿದ್ದ ಚಿತ್ರಾನ್ನವನ್ನು ಕೆದಕುತ್ತಾ ಕೂತಿದ್ದರು. ಕೊನೆಗೆ, "ನೀವು ಹೇಳೋದು ಸರಿ ಮೇಡಂ. ಆದರೆ ಕನ್ನಡಕ ಹಾಕ್ಕೊಂಡೇ ಹಸೆಮಣೆ ಮೇಲೆ ಕೂರೋದಾ?" ಎಂದರು.

"ಯಾಕೆ, ಗಂಡು ಕೂರೋದಿಲ್ವಾ?" ಎಂದೆ.

ಅವರು ಉತ್ತರ ಹೇಳುವಷ್ಟರಲ್ಲಿ ಗಂಟೆ ಹೊಡೆಯಿತು. ನನಗೆ ಎಂಟನೇ ಕ್ಲಾಸು 'ಬಿ' ಸೆಕ್ಷನ್. ಮೂರನೇ ಬೆಂಚಿನಲ್ಲಿ ಒಬ್ಬಳಿದ್ದಾಳೆ, ಜಾಮಿಟ್ರಿ ಬಾಕ್ಸಿನಿಂದ ಕನ್ನಡಕ ತೆಗೆಸಬೇಕು.